ಮೈನಸ್ 19.5 ಅಂದರೆ ಏನು? ಒಹಾಯೊ ಸ್ಟೇಟ್–ಮಿಷಿಗನ್ ಪಂದ್ಯದ ಪಾಯಿಂಟ್ ಸ್ಪ್ರೆಡ್ ಓದುವ ಬಗೆ

ಥ್ಯಾಂಕ್ಸ್‌ಗಿವಿಂಗ್ ಹಬ್ಬದ ವಾರ, ಶನಿವಾರ ಮಧ್ಯಾಹ್ನ. ಅಮೆರಿಕದಲ್ಲಿ ಒಹಾಯೊ ಸ್ಟೇಟ್ ಮತ್ತು ಮಿಷಿಗನ್ ವಿಶ್ವವಿದ್ಯಾಲಯಗಳ ಅಮೆರಿಕನ್ ಫುಟ್‌ಬಾಲ್ ತಂಡಗಳು (ನಮ್ಮ ಕಾಲ್ಚೆಂಡು ಅಲ್ಲ) ಎದುರುಬದುರು ನಿಲ್ಲುತ್ತವೆ. ಅಲ್ಲಿ ಹನ್ನೆರಡು ಗಂಟೆಗೆ ಆಟ ಶುರುವಾದರೆ ನಮಗೆ ರಾತ್ರಿ ಹತ್ತೂವರೆ. 1897ರಿಂದ ನಡೆದು ಬಂದಿರುವ ಈ ಪಂದ್ಯಕ್ಕೆ ಅಲ್ಲಿಯವರು ‘ದಿ ಗೇಮ್’ ಅಂತಲೇ ಹೇಳುತ್ತಾರೆ. ಕೊಲಂಬಸ್, ಡೆಟ್ರಾಯಿಟ್ ಕಡೆ ಓದಲು, ಕೆಲಸಕ್ಕೆ ಹೋದ ನಮ್ಮ ಹುಡುಗರೂ ಒಂದೆರಡು ವರ್ಷದಲ್ಲೇ ಈ ಹುಚ್ಚು ಹತ್ತಿಸಿಕೊಳ್ಳುತ್ತಾರೆ. ಜೊತೆಗೆ ಮೊಬೈಲ್‌ನಲ್ಲಿ ಬಾಜಿಯ ಆ್ಯಪ್ ಕೂಡ ಬರುತ್ತದೆ. ಆಮೇಲೆ ನಾನು ಮತ್ತೆ ಮತ್ತೆ ನೋಡಿರುವುದು ಒಂದೇ: ತಮ್ಮ ತಂಡ ಗೆದ್ದಿತು ಅಂತ ಕುಣಿಯುತ್ತಾರೆ, ಆ್ಯಪ್ ತೆರೆದರೆ ದುಡ್ಡು ಹೋಗಿರುತ್ತದೆ. ಯಾಕೆ ಹೋಯಿತು ಅಂತ ಕೇಳಿದರೆ ಉತ್ತರ ಇಲ್ಲ.

ಮೊದಲೇ ಒಂದು ಮಾತು. ಭಾರತದಲ್ಲಿ ಕೂತು ಆನ್‌ಲೈನ್‌ನಲ್ಲಿ ಹಣ ಕಟ್ಟಿ ಆಡುವುದನ್ನು 2025ರ ಕೇಂದ್ರ ಕಾಯ್ದೆ ನಿಷೇಧಿಸಿದೆ. ಹಾಗಾಗಿ ಇಲ್ಲಿಂದ ಬಾಜಿ ಕಟ್ಟುವ ದಾರಿ ಹುಡುಕಬೇಡಿ. ಅಮೆರಿಕದಲ್ಲಿ 2018ರ ಸುಪ್ರೀಂ ಕೋರ್ಟ್ ತೀರ್ಪಿನ ನಂತರ ಆಯಾ ರಾಜ್ಯವೇ ತೀರ್ಮಾನ ಮಾಡುತ್ತದೆ. ಒಹಾಯೊದಲ್ಲಿ 2023ರ ಜನವರಿ 1ರಿಂದ ಅವಕಾಶ ಇದೆ. ಮಿಷಿಗನ್‌ನಲ್ಲೂ ಇದೆ. ಎರಡೂ ಕಡೆ 21 ವರ್ಷ ತುಂಬಿರಬೇಕು. ಈ ಲೇಖನ ಪಾಯಿಂಟ್ ಸ್ಪ್ರೆಡ್ಡನ್ನು, ಅಂದರೆ ಬಲವಾದ ತಂಡ ಎಷ್ಟು ಅಂಕದ ಅಂತರದಲ್ಲಿ ಗೆಲ್ಲಬೇಕು ಅಂತ ಬಾಜಿ ಕಂಪನಿ ಇಡುವ ಸಂಖ್ಯೆಯನ್ನು, ಓದಲು ಕಲಿಯುವುದಕ್ಕೆ. ಪಂದ್ಯ ನೋಡುವಾಗ ಪರದೆಯ ಮೂಲೆಯಲ್ಲಿ ಬರುವ ಅಂಕಿ ಅರ್ಥವಾದರೆ ನೋಡುವ ಖುಷಿಯೂ ಜಾಸ್ತಿ.

ಹಂತ 1: ಅಂಕ ಬರುವ ರೀತಿ ತಿಳಿಯಿರಿ

ಚೆಂಡನ್ನು ಎದುರಾಳಿಯ ತುದಿಗೆರೆ ದಾಟಿಸುವ ಟಚ್‌ಡೌನ್‌ಗೆ 6, ಅದರ ನಂತರದ ಒದೆತಕ್ಕೆ 1, ಒದೆಯುವ ಬದಲು ಚೆಂಡನ್ನು ಮತ್ತೆ ಗೆರೆ ದಾಟಿಸಿದರೆ 2, ಚೆಂಡನ್ನು ಕಂಬಗಳ ನಡುವೆ ಒದೆಯುವ ಫೀಲ್ಡ್ ಗೋಲ್‌ಗೆ 3, ಚೆಂಡು ಹಿಡಿದ ಎದುರಾಳಿಯನ್ನು ಅವರದೇ ತುದಿಗೆರೆಯ ಹಿಂದೆ ಕೆಡವುವ ಅಪರೂಪದ ಸೇಫ್ಟಿಗೆ 2. ಇಷ್ಟು ಸಾಕು.

ಹಂತ 2: ಮೈನಸ್ ಯಾರ ಮುಂದಿದೆ ನೋಡಿ

ಮೈನಸ್ ಇರುವ ತಂಡ ಗೆಲ್ಲಬಹುದು ಅಂತ ಎಣಿಸಿರುವ ತಂಡ, ಅಂದರೆ ಫೇವರಿಟ್. ಪ್ಲಸ್ ಇರುವುದು ಅಂಡರ್‌ಡಾಗ್. ಇದು ತಿರುಗುಮುರುಗು ಅನ್ನಿಸುವುದು ಸಹಜ. ಬಲವಾದ ತಂಡದ ಮುಂದೆ ಮೈನಸ್ ಯಾಕೆ? ಗಲ್ಲಿ ಕ್ರಿಕೆಟ್‌ನಲ್ಲಿ ಚಿಕ್ಕ ಹುಡುಗರ ತಂಡಕ್ಕೆ ಮೊದಲೇ ಇಪ್ಪತ್ತು ರನ್ ಬಿಟ್ಟುಕೊಟ್ಟು ಆಡಿಸುತ್ತೇವಲ್ವಾ, ಅದೇ ಲೆಕ್ಕ. ಬಲವಾದವರ ಅಂಕದಿಂದ ಅಷ್ಟು ಕಳೆದ ಮೇಲೂ ಅವರು ಮುಂದಿದ್ದರೆ ಮಾತ್ರ ಅವರ ಮೇಲೆ ಕಟ್ಟಿದವರಿಗೆ ಹಣ.

ಹಂತ 3: ಪಂದ್ಯ ಮುಗಿದ ಮೇಲೆ ಕಳೆಯುವ ಲೆಕ್ಕ

ಎಡವುವುದೆಲ್ಲ ಇಲ್ಲೇ. ಅದಕ್ಕೇ ಇದೊಂದನ್ನು ನಿಧಾನಕ್ಕೆ ನೋಡೋಣ.

2024ರ ನವೆಂಬರ್ 30. ಕೊಲಂಬಸ್‌ನ ಒಹಾಯೊ ಸ್ಟೇಡಿಯಂ, ಲಕ್ಷಕ್ಕೂ ಮೇಲೆ ಜನ. ಒಹಾಯೊ ಸ್ಟೇಟ್ ದೇಶದಲ್ಲೇ ಎರಡನೇ ಸ್ಥಾನದಲ್ಲಿತ್ತು. ಮಿಷಿಗನ್ 6 ಗೆದ್ದು 5 ಸೋತು ಬಂದಿತ್ತು. ಸ್ಪ್ರೆಡ್ ಸುಮಾರು 20ರ ಆಸುಪಾಸು. ನಿಮ್ಮ ಆ್ಯಪ್‌ನಲ್ಲಿ ಒಹಾಯೊ ಸ್ಟೇಟ್ -19.5, ಮಿಷಿಗನ್ +19.5 ಅಂತ ಇತ್ತು ಅಂದುಕೊಳ್ಳಿ. ಪಂದ್ಯ ಮುಗಿದಾಗ ಮಿಷಿಗನ್ 13, ಒಹಾಯೊ ಸ್ಟೇಟ್ 10. ಕೊನೆಯ ಫೀಲ್ಡ್ ಗೋಲ್ ಬಿದ್ದಾಗ ಉಳಿದಿದ್ದು 45 ಸೆಕೆಂಡ್.

ಮಿಷಿಗನ್ ಗೆದ್ದೇಬಿಟ್ಟಿತು, ಲೆಕ್ಕ ಸುಲಭ. ಆದರೆ ಕೇಳಬೇಕಾದ ಪ್ರಶ್ನೆ ಬೇರೆ. ಆ ಫೀಲ್ಡ್ ಗೋಲ್ ತಪ್ಪಿ ಒಹಾಯೊ ಸ್ಟೇಟ್ 17-10ರಿಂದ ಗೆದ್ದಿದ್ದರೆ? ಕೊಲಂಬಸ್ ಪೂರ್ತಿ ಸಂಭ್ರಮ. ಆದರೆ 17ರಿಂದ 19.5 ಕಳೆದರೆ ಮೈನಸ್ 2.5, ಎದುರಿಗೆ ಮಿಷಿಗನ್‌ನ 10. ಒಹಾಯೊ ಮೇಲೆ ಕಟ್ಟಿದವರೆಲ್ಲ ಸೋತರು. ಕನಿಷ್ಠ ಇಪ್ಪತ್ತು ಪಾಯಿಂಟ್ ಅಂತರ ಆಗಿದ್ದರಷ್ಟೇ ಅವರಿಗೆ ಹಣ. ಇದಕ್ಕೆ ಸ್ಪ್ರೆಡ್ ‘ಕವರ್’ ಮಾಡುವುದು ಅನ್ನುತ್ತಾರೆ.

ನನ್ನ ಸಲಹೆ: ಕೂಡುವುದು ಕಳೆಯುವುದು ಎರಡನ್ನೂ ಬಿಡಿ, ಗೆಲುವಿನ ಅಂತರವನ್ನು ಮಾತ್ರ ಬರೆದುಕೊಳ್ಳಿ. ಅಂತರ ಸ್ಪ್ರೆಡ್‌ಗಿಂತ ದೊಡ್ಡದಾಗಿದ್ದರೆ ಫೇವರಿಟ್. ಚಿಕ್ಕದಾಗಿದ್ದರೆ, ಅಥವಾ ಫೇವರಿಟ್ ಸೋತರೆ, ಅಂಡರ್‌ಡಾಗ್. ಸರಿಸಮ ಆದರೆ ‘ಪುಶ್’, ಕಟ್ಟಿದ ಹಣ ವಾಪಸ್. ಕೋಷ್ಟಕ, ಕ್ಯಾಲ್ಕುಲೇಟರ್ ಯಾವುದೂ ಬೇಡ.

ಪುಶ್ ಆಗದಿರಲಿ ಅಂತಲೇ ಆ ಅರ್ಧ ಪಾಯಿಂಟ್ ಇಡುತ್ತಾರೆ. ಅದಕ್ಕೆ ‘ಹುಕ್’ ಅಂತ ಹೆಸರು. ಅರ್ಧ ಪಾಯಿಂಟ್ ತಾನೇ ಅಂತ ಸುಮ್ನೆ ದಾಟಿ ಹೋಗಬೇಡಿ. ಈ ಆಟದಲ್ಲಿ ಪಂದ್ಯಗಳು ಅತಿ ಹೆಚ್ಚು ಮುಗಿಯುವುದು 3ರ ಅಂತರದಲ್ಲಿ, ಅದು ಬಿಟ್ಟರೆ 7. ಕಾರಣ ಹಂತ 1ರಲ್ಲೇ ಇದೆ: ಒಂದು ಫೀಲ್ಡ್ ಗೋಲ್, ಅಥವಾ ಒಂದು ಟಚ್‌ಡೌನ್ ಮತ್ತು ಒದೆತ. ಹಾಗಾಗಿ 2.5, 3, 3.5 ಈ ಮೂರೂ ಒಂದೇ ತರಹ ಕಂಡರೂ ಬೇರೆ ಬೇರೆ ಬಾಜಿಗಳು. 12 ಮತ್ತು 12.5ರ ನಡುವೆ ಅಷ್ಟು ವ್ಯತ್ಯಾಸ ಇಲ್ಲ.

2016ರ ಪಂದ್ಯ ತೆಗೆದುಕೊಳ್ಳಿ. ನಿಗದಿತ ಸಮಯ ಮುಗಿದಾಗ 17-17. ಮೊದಲ ಓವರ್‌ಟೈಮ್ ನಂತರ 24-24. ಎರಡನೆಯದರಲ್ಲಿ ಮಿಷಿಗನ್ ಫೀಲ್ಡ್ ಗೋಲ್ ಹೊಡೆದು 27ಕ್ಕೆ ಹೋಯಿತು. ಒಹಾಯೊ ಸ್ಟೇಟ್ ಟಚ್‌ಡೌನ್ ಗಳಿಸಿ 30-27ರಿಂದ ಗೆದ್ದಿತು. ಪಂದ್ಯ ಅಲ್ಲಿಗೇ ಮುಗಿದ ಕಾರಣ ನಂತರದ ಒದೆತವೇ ಇಲ್ಲ. ಅಂತರ 3. ಗೆಳೆಯರ ನಡುವೆ ಒಬ್ಬ -2.5, ಒಬ್ಬ -3, ಇನ್ನೊಬ್ಬ -3.5 ಇಟ್ಟುಕೊಂಡು ಈ ಪಂದ್ಯ ನೋಡಿದ್ದರೆ ಮೊದಲನೆಯವನಿಗೆ ಲಾಭ, ಎರಡನೆಯವನಿಗೆ ಹಣ ವಾಪಸ್, ಮೂರನೆಯವನಿಗೆ ನಷ್ಟ. ಮೂವರದೂ ಒಂದೇ ತಂಡ, ಅದೇ ಗೆದ್ದಿದ್ದು. ಇನ್ನೂ ಒಂದು ವಿಷಯ ಇದೇ ಪಂದ್ಯದಿಂದ ಗೊತ್ತಾಗುತ್ತದೆ: ಪೂರ್ತಿ ಪಂದ್ಯದ ಬಾಜಿಯಲ್ಲಿ ಓವರ್‌ಟೈಮ್ ಅಂಕಗಳೂ ಸೇರುತ್ತವೆ. 17-17ಕ್ಕೇ ಬಾಜಿ ಮುಗಿಯಿತು ಅಂತ ವಾದ ಮಾಡುವವರನ್ನು ನೋಡಿದ್ದೇನೆ.

ಹಂತ 4: ಎರಡನೇ ಮೈನಸ್ಸನ್ನು ಬೇರೆಯಾಗಿ ಓದಿ

ಆ್ಯಪ್‌ನಲ್ಲಿ -19.5 ಪಕ್ಕದಲ್ಲೇ ಚಿಕ್ಕ ಅಕ್ಷರದಲ್ಲಿ -110 ಅಂತ ಇರುತ್ತದೆ. ಇವೆರಡನ್ನೂ ಕಲಸಿಕೊಳ್ಳುವವರು ಬಹಳ. ಮೊದಲನೆಯದು ಪಾಯಿಂಟ್, ಎರಡನೆಯದು ದುಡ್ಡು. -110 ಅಂದರೆ 100 ಡಾಲರ್ ಲಾಭಕ್ಕೆ 110 ಡಾಲರ್ ಕಟ್ಟಬೇಕು. ಸಾಮಾನ್ಯವಾಗಿ ಎರಡೂ ತಂಡಗಳಿಗೆ ಇದೇ ದರ. ಇಬ್ಬರು ಗೆಳೆಯರು ಎದುರುಬದುರು 110 ಕಟ್ಟಿದರೆ ಒಟ್ಟು 220. ಗೆದ್ದವನ ಕೈಗೆ 210. ಉಳಿದ 10 ಕಂಪನಿಗೆ.

ಹೀಗಾಗಿ ಅರ್ಧಕ್ಕರ್ಧ ಗೆದ್ದರೆ ಸಾಲದು. 21 ಬಾಜಿ ಕಟ್ಟಿ 11 ಗೆದ್ದರೆ ಬಂದದ್ದು 1100, ಸೋತ 10ಕ್ಕೆ ಹೋದದ್ದು 1100. ಅಲ್ಲಿಗೆ ಸೊನ್ನೆ. ಶೇಕಡಾ 52.4ರ ಮೇಲೆ ಹೋದರೆ ಮಾತ್ರ ಒಂದು ರೂಪಾಯಿ ಲಾಭ. ವರ್ಷಗಟ್ಟಲೆ ಆ ಮಟ್ಟದಲ್ಲಿ ನಿಲ್ಲುವವರು ತೀರಾ ಕಡಿಮೆ. ಬಾಜಿಯನ್ನು ಸಂಪಾದನೆ ಅಂತ ಯಾರಾದರೂ ಹೇಳಿದರೆ ಈ ಲೆಕ್ಕ ಮುಂದಿಡಿ.

ಕೆಲವು ಆ್ಯಪ್‌ಗಳು ಹುಕ್ ತೆಗೆದುಕೊಡುತ್ತೇವೆ, 3.5ನ್ನು 3 ಮಾಡುತ್ತೇವೆ ಅನ್ನುತ್ತವೆ. ಅದಕ್ಕೆ 110ರ ಬದಲು 120 ಅಥವಾ ಇನ್ನೂ ಜಾಸ್ತಿ ಕೇಳುತ್ತವೆ. ನಾನಾದರೆ ಕೊಡುವುದಿಲ್ಲ. ಬೇರೆ ಆ್ಯಪ್‌ನಲ್ಲಿ ಅದೇ ಪಂದ್ಯಕ್ಕೆ ಉಚಿತವಾಗಿ 3 ಸಿಗಬಹುದು, ಅದನ್ನು ನೋಡುವುದೇ ಮೇಲು.

ಹಂತ 5: ಸಂಖ್ಯೆ ಓಡಾಡುವುದನ್ನು ಗಮನಿಸಿ

ಭಾನುವಾರ ತೆರೆದ ಸ್ಪ್ರೆಡ್ ಶನಿವಾರದ ಹೊತ್ತಿಗೆ ಬದಲಾಗಿರುತ್ತದೆ. ದಾಳಿ ನಡೆಸುವ ಮುಖ್ಯ ಆಟಗಾರ ಕ್ವಾರ್ಟರ್‌ಬ್ಯಾಕ್‌ಗೆ ಪೆಟ್ಟಾದ ಸುದ್ದಿ, ಹವಾಮಾನ, ದೊಡ್ಡ ಮೊತ್ತ ಕಟ್ಟುವ ಅನುಭವಿಗಳ ಹಣ ಎಲ್ಲವೂ ಅದನ್ನು ತಳ್ಳುತ್ತವೆ. ನೀವು ಕಟ್ಟಿದ ಗಳಿಗೆಯ ಸಂಖ್ಯೆಯೇ ನಿಮ್ಮದು. ಟಿವಿಯಲ್ಲಿ ತೋರಿಸುವುದಲ್ಲ.

ಹಂತ 6: ‘ಹಗೆತನದ ಪಂದ್ಯದಲ್ಲಿ ಏನು ಬೇಕಾದರೂ ಆಗಬಹುದು’ ಅನ್ನುವ ಮಾತನ್ನು ಬದಿಗಿಡಿ

ಈ ಪಂದ್ಯದ ವಾರ ಎಲ್ಲರ ಬಾಯಲ್ಲೂ ಇದೇ. ಅದಕ್ಕೆ ಪುರಾವೆ ಅಂತ 2021ರಿಂದ 2024ರವರೆಗಿನ ನಾಲ್ಕು ಪಂದ್ಯಗಳನ್ನು ಮುಂದಿಡುತ್ತಾರೆ. ನಾಲ್ಕನ್ನೂ ಮಿಷಿಗನ್ ಗೆದ್ದಿತು: 42-27, 45-23, 30-24, 13-10. ಇವುಗಳಲ್ಲಿ ಮೂರು ಸಲ ಫೇವರಿಟ್ ಆಗಿದ್ದದ್ದು ಒಹಾಯೊ ಸ್ಟೇಟ್. ಹಾಗಾದರೆ ಕಣ್ಣು ಮುಚ್ಚಿ ಮಿಷಿಗನ್ ಮೇಲೆ ಕಟ್ಟಿದರಾಯಿತು ಅನ್ನಿಸಿತಾ? 2025ರಲ್ಲಿ ಮಿಷಿಗನ್‌ನ ತವರಾದ ಆನ್ ಆರ್ಬರ್‌ಗೇ ಹೋಗಿ ಒಹಾಯೊ ಸ್ಟೇಟ್ 27-9ರಿಂದ ಗೆದ್ದಿತು, ಸ್ಪ್ರೆಡ್ಡನ್ನೂ ದಾಟಿತು. ನಾಲ್ಕು ಪಂದ್ಯದಿಂದ ನಿಯಮ ಹುಟ್ಟುವುದಿಲ್ಲ. ಹಗೆತನ ಎಂಬುದು ಸ್ಪ್ರೆಡ್ ಇಡುವವರಿಗೂ ಗೊತ್ತಿದೆ, ಅದನ್ನು ಲೆಕ್ಕಕ್ಕೆ ಹಿಡಿದೇ ಸಂಖ್ಯೆ ಬಂದಿರುತ್ತದೆ.

ನೀವು ಈ ಎರಡರಲ್ಲಿ ಒಂದು ಕಾಲೇಜಿನಲ್ಲಿ ಓದಿದವರಾದರೆ ಈ ಪಂದ್ಯದ ಮೇಲೆ ಹಣ ಕಟ್ಟಲೇಬೇಡಿ. ಮನಸ್ಸು ಒಂದು ಕಡೆ ವಾಲಿರುವಾಗ ಸಂಖ್ಯೆ ಸರಿಯಾಗಿ ಕಾಣುವುದಿಲ್ಲ. ತಂಡದ ಆಟಗಾರರು, ಸಿಬ್ಬಂದಿಯಂತೂ ಕಾಲೇಜು ಪಂದ್ಯಗಳ ಮೇಲೆ ಬಾಜಿ ಕಟ್ಟುವಂತೆಯೇ ಇಲ್ಲ. ತಂಡದಲ್ಲಿರುವ ಸಹಪಾಠಿಯ ಹತ್ತಿರ ‘ಯಾರಿಗೆ ಪೆಟ್ಟಾಗಿದೆ’ ಅಂತ ಕೇಳುವುದನ್ನೂ ಬಿಡಿ. ಆ ಹುಡುಗನ ಓದು, ಆಟ ಎರಡಕ್ಕೂ ಕುತ್ತು. ಬಾಜಿ ಸೋತವರು ಕಾಲೇಜು ಆಟಗಾರರನ್ನೇ ಬೈದು ಪೀಡಿಸುವುದು ಹೆಚ್ಚಾದ ಮೇಲೆ, ಒಬ್ಬೊಬ್ಬ ಆಟಗಾರನ ಸಾಧನೆಯ ಮೇಲೆ ಕಟ್ಟುವ ಬಾಜಿಗಳನ್ನು ಒಹಾಯೊ 2024ರಲ್ಲಿ ನಿಲ್ಲಿಸಿತು. ಒಳ್ಳೆಯ ಕೆಲಸ.

ಇನ್ನು ಆ್ಯಪ್ ತೆರೆದ ಕೂಡಲೇ ದೊಡ್ಡದಾಗಿ ಕಾಣುವ ಪಾರ್ಲೆ. ನಾಲ್ಕೈದು ಬಾಜಿಗಳನ್ನು ಒಂದಕ್ಕೊಂದು ಕಟ್ಟಿ, ಎಲ್ಲ ಗೆದ್ದರೆ ಭಾರಿ ಮೊತ್ತ ಅನ್ನುವ ಆಸೆ. ಒಂದು ತಪ್ಪಿದರೂ ಎಲ್ಲ ಹೋಯಿತು. ಕಂಪನಿಯ ಪಾಲು ಇದರಲ್ಲೇ ದಪ್ಪ. ಮುಟ್ಟಬೇಡಿ. ಟೆಲಿಗ್ರಾಂನಲ್ಲಿ ‘ಈ ವಾರದ ಖಚಿತ ಬಾಜಿ’ ಮಾರುವವರನ್ನೂ ದೂರ ಇಡಿ. ಖಚಿತವಾಗಿ ಗೊತ್ತಿದ್ದವರು ಅದನ್ನು ಇಪ್ಪತ್ತು ಡಾಲರ್‌ಗೆ ಮಾರುವುದಿಲ್ಲ. ಬಾಜಿ ಕೈಮೀರಿದೆ ಅನ್ನಿಸಿದರೆ ಅಮೆರಿಕದಲ್ಲಿ 1-800-ಗ್ಯಾಂಬ್ಲರ್ ಸಹಾಯವಾಣಿ ಇದೆ. ಮನೆಯವರೂ ಕರೆ ಮಾಡಬಹುದು.

ಹಂತ 7: ಹಣ ಇಲ್ಲದೆ ಒಂದು ಪಂದ್ಯ ಬಿಡಿಸಿ ನೋಡಿ

ಇಷ್ಟೆಲ್ಲ ಅರ್ಥವಾಯಿತಾ ಅಂತ ಪರೀಕ್ಷಿಸಿಕೊಳ್ಳಲು ನಾನು ಎಲ್ಲರಿಗೂ ಕೊಡುವ ಪಂದ್ಯ ಒಂದಿದೆ. ಆ 13-10ರ ಸೋಲಿನ ನಂತರವೂ ಒಹಾಯೊ ಸ್ಟೇಟ್ ರಾಷ್ಟ್ರೀಯ ಫೈನಲ್‌ಗೆ ಹೋಯಿತು. 2025ರ ಜನವರಿ 20, ಅಟ್ಲಾಂಟಾ, ಎದುರಾಳಿ ನೋಟರ್ ಡೇಮ್. ಸ್ಪ್ರೆಡ್ ಒಹಾಯೊ ಸ್ಟೇಟ್ -8.5 ಅಂತ ಇಟ್ಟುಕೊಳ್ಳಿ. ಕೊನೆಯ ನಿಮಿಷದಲ್ಲಿ ಒಹಾಯೊ ಸ್ಟೇಟ್ 31-23ರಿಂದ ಮುಂದಿದೆ. ಈಗ ಯಾರ ಬಾಜಿ ಗೆಲ್ಲುತ್ತಿದೆ? ಸಂಖ್ಯೆ -8 ಆಗಿದ್ದರೆ? ಉತ್ತರ ಬರೆದಿಟ್ಟುಕೊಂಡು ಮುಂದೆ ಓದಿ.

ಅಂತರ 8. ಹಾಗಾಗಿ -8.5ಕ್ಕೆ ನೋಟರ್ ಡೇಮ್, -8 ಆಗಿದ್ದರೆ ಪುಶ್. ಆಗ 26 ಸೆಕೆಂಡ್ ಉಳಿದಿರುವಾಗ ಒಹಾಯೊ ಸ್ಟೇಟ್ 33 ಗಜದ ಫೀಲ್ಡ್ ಗೋಲ್ ಹೊಡೆಯಿತು. 34-23. ಅಂತರ 11. ಎರಡೂ ಸಂಖ್ಯೆಗೆ ಒಹಾಯೊ ಸ್ಟೇಟ್.