ಜಾರ್ಜಿಯಾಕ್ಕೆ ಹೊಸದಾಗಿ ಬಂದವರಿಗೆ: ಸೆನೆಟ್ ಚುನಾವಣೆ ಮತ್ತು ನೀವು

ಅಮೆರಿಕದ ಜಾರ್ಜಿಯಾ ರಾಜ್ಯದ ಆಲ್ಫರೆಟ್ಟಾ, ಜಾನ್ಸ್ ಕ್ರೀಕ್, ಕಮಿಂಗ್ ಊರುಗಳ ಕಡೆ ಮನೆ ಮಾಡಿರುವ ನಮ್ಮವರಲ್ಲಿ ಅನೇಕರು, ಅಮೆರಿಕ ಸಂಸತ್ತಿನ ಮೇಲ್ಮನೆಯಾದ ಸೆನೆಟ್‌ಗೆ ಚುನಾವಣೆ ಬಂದಾಗ "ನಾವು ಇಲ್ಲಿಯ ಪೌರರಲ್ಲ, ನಮಗೆ ಮತವೇ ಇಲ್ಲವಲ್ಲ" ಎಂದು ಸುಮ್ಮನಾಗುತ್ತಾರೆ. ದಯವಿಟ್ಟು ಹಾಗೆ ಸುಮ್ಮನಾಗಬೇಡಿ.

ನಮ್ಮ ರಾಜ್ಯಸಭೆಯಂತೆ ಸೆನೆಟ್ ಸದಸ್ಯರ ಅವಧಿಯೂ ಆರು ವರ್ಷ. ಆದರೆ ಶಾಸಕರಲ್ಲ, 1913ರ ಸಂವಿಧಾನ ತಿದ್ದುಪಡಿಯ ನಂತರ ಇಡೀ ರಾಜ್ಯದ ಮತದಾರರೇ ಅವರನ್ನು ಆರಿಸುತ್ತಾರೆ. ರಾಜ್ಯ ಎಷ್ಟೇ ದೊಡ್ಡದಿರಲಿ, ಎರಡೇ ಸ್ಥಾನ. ಜಾರ್ಜಿಯಾದಲ್ಲಿ ಗೆಲ್ಲಲು ಅರ್ಧಕ್ಕಿಂತ ಹೆಚ್ಚು ಮತ ಬೇಕು. ಯಾರಿಗೂ ಬಾರದಿದ್ದರೆ ಮೊದಲಿಬ್ಬರ ನಡುವೆ ಮತ್ತೊಂದು ಸುತ್ತು. 2021ರ ಜನವರಿ 5ರಂದು ಅಂಥ ಸುತ್ತಿನಲ್ಲಿ ಡೆಮಾಕ್ರಟಿಕ್ ಪಕ್ಷದ ಜಾನ್ ಆಸಫ್, ರಾಫೆಲ್ ವಾರ್ನಾಕ್ ಗೆದ್ದದ್ದರಿಂದಲೇ ಸೆನೆಟ್‌ನಲ್ಲಿ ಎರಡೂ ಬಣಗಳ ಬಲ 50–50 ಆಗಿ, ಸಮಬಲವಾದಾಗ ಮತ ಹಾಕುವ ಅಂದಿನ ಉಪಾಧ್ಯಕ್ಷೆ, ಅದೇ ಪಕ್ಷದ ಕಮಲಾ ಹ್ಯಾರಿಸ್ ಅವರ ಮತ ನಿರ್ಣಾಯಕವಾಯಿತು.

ಗ್ರೀನ್ ಕಾರ್ಡಿಗೆ, ಅಂದರೆ ಕಾಯಂ ವಾಸದ ಪರವಾನಗಿಗೆ, ವರ್ಷಗಟ್ಟಲೆ ಕಾಯುತ್ತಿರುವವರಿಗೆ ಇದು ದೂರದ ಮಾತಲ್ಲ. ವರ್ಷದ ಗ್ರೀನ್ ಕಾರ್ಡುಗಳಲ್ಲಿ ಒಂದೊಂದು ದೇಶದವರಿಗೆ ಶೇ 7 ಮಾತ್ರ ಎಂಬ ಮಿತಿಯನ್ನು, ಉದ್ಯೋಗದ ಮೇಲೆ ಕೊಡುವ ಕಾರ್ಡುಗಳ ಮಟ್ಟಿಗೆ ತೆಗೆಯುವ ಮಸೂದೆ 2019ರಲ್ಲಿ ಕೆಳಮನೆಯನ್ನು ದಾಟಿತ್ತು. 2020ರ ಡಿಸೆಂಬರಿನಲ್ಲಿ ಸೆನೆಟ್ ಬೇರೆ ರೂಪದಲ್ಲಿ ಒಪ್ಪಿತು. ಎರಡೂ ಒಂದಾಗದೆ ಮಸೂದೆ ಬಿದ್ದುಹೋಯಿತು. ಆ ನೋವು ನನ್ನ ಅನೇಕ ಸ್ನೇಹಿತರ ಮನೆಗಳಲ್ಲಿ ಇಂದಿಗೂ ಇದೆ.

ಈಗ ಎಚ್ಚರಿಕೆಯ ಮಾತು. ಚಾಲನಾ ಪರವಾನಗಿ ಮಾಡಿಸುವಾಗ ಮತದಾರರ ನೋಂದಣಿಯ ಪ್ರಶ್ನೆ ಬರುತ್ತದೆ. ಅವಸರದಲ್ಲಿ ಗುರುತು ಹಾಕಬೇಡಿ. ಪೌರರಲ್ಲದವರು ಈ ಚುನಾವಣೆಯಲ್ಲಿ ಮತ ಹಾಕುವುದು ಅಪರಾಧ, ಗಡೀಪಾರಿಗೂ ಕಾರಣವಾಗಬಹುದು. ಮುಂದೆ ಪೌರತ್ವದ ಅರ್ಜಿಯಲ್ಲಿ ನೋಂದಣಿ, ಮತದಾನ ಎರಡರ ಬಗ್ಗೆಯೂ ಕೇಳುತ್ತಾರೆ. ವೀಸಾದಲ್ಲಿರುವವರು ಅಭ್ಯರ್ಥಿಗೆ ದೇಣಿಗೆಯನ್ನೂ ಕೊಡುವಂತಿಲ್ಲ. ಗ್ರೀನ್ ಕಾರ್ಡ್ ಇದ್ದವರು ಕೊಡಬಹುದು. ಇನ್ನೊಂದು: ಸಾಲಿನಲ್ಲಿ ನಿಂತವರಿಗೆ ನೀರು, ತಿಂಡಿ ಹಂಚುವುದು ನಮಗೆ ಸಹಜವೆನಿಸುತ್ತದೆ. ಮತಗಟ್ಟೆಯ 150 ಅಡಿಯೊಳಗೆ ಅದನ್ನು ಜಾರ್ಜಿಯಾದ ಕಾನೂನು ನಿಷೇಧಿಸಿದೆ.

ಹಾಗಾದರೆ ನಿಮಗೆ ಉಳಿದದ್ದೇನು? ಬಹಳಷ್ಟಿದೆ. ಆಯ್ಕೆಯಾದ ಸೆನೆಟರ್ ರಾಜ್ಯದಲ್ಲಿ ವಾಸಿಸುವ ಎಲ್ಲರ ಪ್ರತಿನಿಧಿ. ವಲಸೆ ಇಲಾಖೆಯಲ್ಲಿ ಕಡತ ಅವಧಿ ಮೀರಿ ಕುಳಿತಿದ್ದರೆ ಅವರ ಕಚೇರಿಗೆ ಬರೆಯಿರಿ. ಮಾಹಿತಿ ಪಡೆಯಲು ಒಪ್ಪಿಗೆ ಪತ್ರಕ್ಕೆ ಸಹಿ ಕೇಳುತ್ತಾರೆ, ನಂತರ ಇಲಾಖೆಯನ್ನು ವಿಚಾರಿಸುತ್ತಾರೆ. ತೀರ್ಪು ಬದಲಿಸುವ ಅಧಿಕಾರ ಅವರಿಗಿಲ್ಲ. ಆದರೆ ಅಲುಗದ ಕಡತ ಅಲುಗಿದ ಉದಾಹರಣೆಗಳಿವೆ. ರಸೀದಿ ಸಂಖ್ಯೆ, ದಿನಾಂಕಗಳನ್ನು ಒಂದೇ ಪುಟದಲ್ಲಿ ಬರೆದಿಟ್ಟುಕೊಂಡು ಹೋಗಿ.

ಪೌರತ್ವ ಸಿಕ್ಕವರು ಪ್ರಮಾಣವಚನದ ಬಳಿಕ ತಡಮಾಡದೆ ಚಾಲನಾ ಪರವಾನಗಿ ಕಚೇರಿಯ ದಾಖಲೆಯನ್ನು ಸರಿಪಡಿಸಿಕೊಳ್ಳಿ. ಹಳೆಯ ದಾಖಲೆಯಲ್ಲಿ ಪರದೇಶಿ ಎಂದೇ ಉಳಿದರೆ ನೋಂದಣಿ ತಡೆಹಿಡಿಯಲ್ಪಡಬಹುದು. ನಮ್ಮ ಹೆಸರುಗಳಲ್ಲಿ ಊರು, ತಂದೆಯ ಹೆಸರು, ಇನಿಷಿಯಲ್ ಎಲ್ಲ ಸೇರಿರುವುದರಿಂದ ಪ್ರತಿ ದಾಖಲೆಯಲ್ಲೂ ಒಂದೇ ಕಾಗುಣಿತ ಇರಲಿ. ಮತದಾನದ ಮಂಗಳವಾರ ಆಫೀಸಿಗೆ ರಜೆ ಸಿಗದಿದ್ದರೆ ಮುಂಚಿತ ಮತದಾನದ ದಿನಗಳಲ್ಲೇ, ಭಾವಚಿತ್ರವಿರುವ ಗುರುತಿನ ಚೀಟಿ ಹಿಡಿದು ಹೋಗಿ ಬನ್ನಿ.