ಕೈಕೊಟ್ಟ ಚಪಾತಿ ಯಂತ್ರ

ನಮ್ಮ ಹವ್ಯಾಸಿ ತಂಡಕ್ಕೆ ಹತ್ತು ನಿಮಿಷದ ಒಂದು ನಗೆನಾಟಕ ಬೇಕಿತ್ತು. ಒಬ್ಬ ತಾನು ಕಂಡುಹಿಡಿದ ಚಪಾತಿ ಯಂತ್ರವನ್ನು ಸಾಹುಕಾರರಿಗೆ ತೋರಿಸಲು ಬರುತ್ತಾನೆ, ಯಂತ್ರ ಕೈಕೊಡುತ್ತದೆ. ಕಥೆ ಇಷ್ಟೇ. ಯಂತ್ರ ಅಂದರೆ ವಾಷಿಂಗ್ ಮೆಷಿನ್ ಬಂದಿದ್ದ ರಟ್ಟಿನ ಡಬ್ಬ. ಒಳಗೊಬ್ಬ ಹುಡುಗ ಕೂತು ಕಿಂಡಿಯಿಂದ ಚಪಾತಿ ಎಸೆಯಬೇಕು.

ಮೊದಲ ವಾರ ರಿಹರ್ಸಲ್‌ನಲ್ಲಿ ಯಾರಿಗೂ ನಗು ಬರಲಿಲ್ಲ. ಹಿಟ್ಟು ಹಾರುತ್ತಿತ್ತು, ಸಾಹುಕಾರರು ಬೀಳುತ್ತಿದ್ದರು, ಆದರೂ ಸಪ್ಪೆ. ಆಗ ಚಾಪ್ಲಿನ್‌ರ 1936ರ ‘ಮಾಡರ್ನ್ ಟೈಮ್ಸ್’ನಲ್ಲಿ ಬರುವ, ಊಟ ಮಾಡಿಸುವ ಯಂತ್ರದ ದೃಶ್ಯವನ್ನು ನಿಲ್ಲಿಸಿ ನಿಲ್ಲಿಸಿ ನೋಡಿದೆ. ಅಲ್ಲಿ ಮೊದಲು ಎಲ್ಲ ಸರಿಯಾಗೇ ನಡೆಯುತ್ತದೆ. ಸೂಪು ಬಾಯಿಗೇ ಬರುತ್ತದೆ, ಒಂದು ಮೆತ್ತೆ ಬಂದು ತುಟಿ ಒರೆಸುತ್ತದೆ. ಆಮೇಲೆ ಮೆಕ್ಕೆಜೋಳದ ತೆನೆ ಗಿರಗಿರ ತಿರುಗತೊಡಗುತ್ತದೆ. ಅಷ್ಟು ರಂಪದ ನಡುವೆಯೂ ಆ ಮೆತ್ತೆ ಮತ್ತೆ ಮತ್ತೆ ಬಂದು ಮರ್ಯಾದೆಯಿಂದ ಬಾಯಿ ಒರೆಸಿ ಹೋಗುತ್ತದೆ!

ನಮ್ಮ ತಪ್ಪು ಅಲ್ಲೇ ಹೊಳೆಯಿತು. ಯಂತ್ರ ಕೆಡುತ್ತೆ ಅಂತ ನಮ್ಮ ನಟನಿಗೆ ಮೊದಲೇ ಗೊತ್ತಿತ್ತು, ಅದು ಮುಖದಲ್ಲೇ ಕಾಣುತ್ತಿತ್ತು. ಹಾಗಾಗಿ ಮೂರು ದಿನ ಯಂತ್ರ ಚೆನ್ನಾಗಿ ಕೆಲಸ ಮಾಡುವ ನಾಟಕವನ್ನೇ ಆಡಿಸಿದೆ. ಅವನು ಡಬ್ಬವನ್ನು ಸವರುತ್ತಾ, ಹೆತ್ತ ಮಗುವಿನ ಬಗ್ಗೆ ಹೇಳುವಂತೆ ವಿವರಿಸತೊಡಗಿದ. ಆಮೇಲಷ್ಟೇ ಕೆಡಿಸಲು ಶುರು ಮಾಡಿದೆವು.

ಚಪಾತಿ ಬಗ್ಗೆಯೂ ಬಹಳ ತಲೆ ಕೆಡಿಸಿಕೊಂಡೆವು. ಹಸಿ ಇದ್ದರೆ ಕೂದಲಿಗೆ ಅಂಟುತ್ತದೆ. ಪೂರ್ತಿ ಬೆಂದರೆ ಮುಖಕ್ಕೆ ತಾಗಿ ಪಟ್ಟನೆ ಬಿದ್ದುಬಿಡುತ್ತದೆ. ಅರ್ಧ ಬೇಯಿಸಿ ಆರಿಸಿದ್ದು ಮಾತ್ರ ಕ್ಷಣ ಹೊತ್ತು ಕೆನ್ನೆ ಮೇಲೆ ನಿಂತು ನಿಧಾನಕ್ಕೆ ಜಾರುತ್ತದೆ. ಜನ ನಗೋದು ಅದು ಜಾರುವಾಗಲೇ.

ಏಟಿನ ಸದ್ದಿಗೆ ಎರಡು ತೆಳು ಮರದ ಪಟ್ಟಿ ಜೋಡಿಸಿ ಹಿಡಿಯ ಕಡೆ ಮಾತ್ರ ಬಿಗಿದೆವು. ಇಟಲಿಯ ಹಳೇ ಹಾಸ್ಯ ನಟರು ಇಂಥದ್ದನ್ನೇ ಬಳಸುತ್ತಿದ್ದರು. ಹೀಗೆ ಹೊಡೆದು ಬಿದ್ದು ನಗಿಸುವ ಹಾಸ್ಯಕ್ಕೆ ಸ್ಲ್ಯಾಪ್‌ಸ್ಟಿಕ್ ಅನ್ನುವ ಹೆಸರು ಬಂದದ್ದೇ ಆ ಕೋಲಿನಿಂದ. ಮೆಲ್ಲಗೆ ತಟ್ಟಿದರೂ ಚಟಾರ್ ಅನ್ನುತ್ತದೆ, ಯಾರಿಗೂ ನೋವಾಗುವುದಿಲ್ಲ. ನೆಲದ ಮೇಲೆ ಹಿಟ್ಟು ಬಿದ್ದರೆ ನಿಜಕ್ಕೂ ಕಾಲು ಜಾರುತ್ತೆ ಅಲ್ವಾ? ಅದಕ್ಕೇ ಗೋಣಿತಾಟು ಹಾಸಿದ್ದೆವು.

ಪ್ರದರ್ಶನದ ದಿನ ಮೊದಲ ಚಪಾತಿ ತಟ್ಟೆಗೇ ಬಂದು ಕೂತಿತು. ಸಾಹುಕಾರರು ತಲೆದೂಗಿದರು. ಎರಡನೆಯದು ಅವರ ಪೇಟಕ್ಕೆ, ಮೂರನೆಯದು ಮುಖಕ್ಕೆ. ಆಮೇಲೆ ನಿಲ್ಲಲೇ ಇಲ್ಲ. ಕೊನೆಗೆ ನಮ್ಮವನು ಮೈಯೆಲ್ಲ ಹಿಟ್ಟಾಗಿ ಸಾಹುಕಾರರ ಹತ್ತಿರ ಬಂದ. ಅವರ ಕೆನ್ನೆ ಮೇಲಿದ್ದ ಚಪಾತಿಯನ್ನು ಎರಡು ಬೆರಳಲ್ಲಿ ಎತ್ತಿ ಬೆಳಕಿಗೆ ಹಿಡಿದ.

‘ನೋಡಿ ಸ್ವಾಮಿ, ಎಷ್ಟು ದುಂಡಗೆ ಬಂದಿದೆ!’

ಅದು ನಾವು ಬರೆದ ಮಾತಲ್ಲ. ಆ ಹೊತ್ತಿಗೆ ಅವನಿಗೇ ಬಂದದ್ದು. ಜನರ ನಗು ನಿಲ್ಲುವವರೆಗೆ ಪರದೆ ಎಳೆಯದೆ ಕಾದೆವು.