ಹವ್ಯಾಸಿ ಕಾಲದ ಐಸ್ ಹಾಕಿ ಆಟಗಾರನ ಲೆಕ್ಕ ಕಟ್ಟುವ ಬಗೆ

ಕೆನಡಾದ ಮೊದಲ ದೊಡ್ಡ ಹವ್ಯಾಸಿ ಲೀಗ್ 1886ರ ಡಿಸೆಂಬರಿನಲ್ಲಿ ಮಾಂಟ್ರಿಯಲ್‌ನಲ್ಲಿ ಹುಟ್ಟಿತು. ಅಲ್ಲಿಂದ 1908ರ ತನಕ ಆಡಿದವರ ಬಗ್ಗೆ ಬರೆಯಲು ಕೂತರೆ ಮೊದಲು ಸಿಗುವುದು ಯಾವುದೋ ಪಟ್ಟಿಯ ಒಂದು ಸಾಲು. ಮಾಂಟ್ರಿಯಲ್ ವಿಕ್ಟೋರಿಯಾಸ್ ತಂಡದ ರಸೆಲ್ ಬೋವಿಗೆ ಸಾಮಾನ್ಯವಾಗಿ ಕಾಣುವುದು 80 ಪಂದ್ಯ, 234 ಗೋಲು. ಅದನ್ನು ಹಾಗೇ ಇಳಿಸಿಕೊಳ್ಳದೆ ಒಂದೊಂದೇ ಪಂದ್ಯ ಹಿಡಿದು ನೀವೇ ಎಣಿಸಿ. ಹೆದರುವಷ್ಟು ಕೆಲಸವೇನಲ್ಲ: ಚಳಿಗೆ ತಾನಾಗಿ ಹೆಪ್ಪುಗಟ್ಟಿದ ಮಂಜುಗಡ್ಡೆಯ ಮೇಲೆ ಆಟ, ಹೆಚ್ಚೆಂದರೆ ಮಾರ್ಚ್‌ವರೆಗೆ, 1900ರ ಆಚೀಚೆ ಒಂದು ತಂಡಕ್ಕೆ ಲೀಗ್ ಪಂದ್ಯ ವರ್ಷಕ್ಕೆ ಎಂಟು-ಹತ್ತು.

ಪ್ರತಿ ಪಂದ್ಯಕ್ಕೆ ಒಂದು ಸಾಲು ಹಾಕಿ: ತಾರೀಖು, ರಿಂಕ್ (ಆಡಿದ ಮಂಜುಗಡ್ಡೆಯ ಅಂಗಣ), ಎದುರಾಳಿ, ಪಂದ್ಯದ ಬಗೆ, ಆಡಿದ ಸ್ಥಾನ, ಗೋಲು, ಯಾವ ಪತ್ರಿಕೆ. 'ಪಂದ್ಯದ ಬಗೆ' ಬಿಟ್ಟರೆ ಲೆಕ್ಕವೇ ಕೆಡುತ್ತದೆ. 1905ರ ಜನವರಿ 16ರಂದು ಒಟ್ಟಾವಾ ತಂಡ ಡಾಸನ್ ಸಿಟಿಯನ್ನು 23-2ರಿಂದ ಸೋಲಿಸಿತು. ಫ್ರಾಂಕ್ ಮೆಗೀ ಒಬ್ಬನೇ 14 ಗೋಲು ಹೊಡೆದ. ಅದು ಸ್ಟ್ಯಾನ್ಲಿ ಕಪ್ ಸವಾಲಿನ ಪಂದ್ಯ, ಅಂದರೆ ಕಪ್ ಹಿಡಿದ ತಂಡಕ್ಕೆ ಬೇರೊಂದು ತಂಡ ಸವಾಲು ಹಾಕಿ ಆಡುವುದು; ಲೀಗಿನದಲ್ಲ. ಲೀಗಿನ ಮೊತ್ತಕ್ಕೆ ಸೇರಿಸಿದರೆ ಸರಾಸರಿ ಎಲ್ಲಿಗೋ ಹಾರುತ್ತದೆ.

ಮೂಲ ಅಂದರೆ ಆಯಾ ಊರಿನ ದಿನಪತ್ರಿಕೆ. ಶನಿವಾರದ ಪಂದ್ಯದ ವರದಿಯನ್ನು ಸೋಮವಾರದ ಸಂಚಿಕೆಯಲ್ಲಿ ನೋಡಿ. ಸ್ಕ್ಯಾನ್ ಮಾಡಿದ ಪುಟಗಳಲ್ಲಿ ಆಟಗಾರನ ಹೆಸರು ಹಾಕಿ ಹುಡುಕಿದರೆ ಅರ್ಧ ತಪ್ಪಿಹೋಗುತ್ತದೆ, ಮಾಸಿದ ಅಕ್ಷರಗಳನ್ನು ತಂತ್ರಾಂಶ ತಪ್ಪಾಗಿ ಓದುತ್ತದೆ. ಪಂದ್ಯಾವಳಿಯ ವೇಳಾಪಟ್ಟಿ ಮುಂದಿಟ್ಟುಕೊಂಡು ತಾರೀಖಿನ ಪ್ರಕಾರ ಪುಟ ತಿರುಗಿಸುವುದೇ ವಾಸಿ.

ವರದಿಯ ಕೊನೆಯಲ್ಲಿ ಸಣ್ಣಕ್ಷರದ ಕೋಷ್ಟಕ ಇರುತ್ತದೆ: ಮೊದಲ ಗೇಮ್, ತಂಡ, ಹೊಡೆದವನು, ಎಷ್ಟು ನಿಮಿಷ. ಹೊಸಬರು ಮುಗ್ಗರಿಸುವುದು ಇಲ್ಲೇ. ಇಲ್ಲಿ 'ಗೇಮ್' ಅಂದರೆ ಒಂದು ಗೋಲು. ಇಡೀ ಪಂದ್ಯಕ್ಕೆ 'ಮ್ಯಾಚ್'. ಕೋಷ್ಟಕಕ್ಕೂ ಮೇಲಿನ ವಿವರಣೆಗೂ ತಾಳೆಯಾಗದಿದ್ದರೆ ಇನ್ನೊಂದು ಪತ್ರಿಕೆ ತೆಗೆಯಿರಿ. ಬರೀ ಮನೆತನದ ಹೆಸರು ಹಾಕುವುದು ಆಗಿನ ರೂಢಿ: 1903ರ ಒಟ್ಟಾವಾ ತಂಡದಲ್ಲಿ ಗಿಲ್ಮೋರ್ ಅಣ್ಣತಮ್ಮಂದಿರು ಮೂವರು! ಆಗ ಆಡಿದ ಸ್ಥಾನ ನೋಡಿ ಬಿಡಿಸಬೇಕು.

ಸ್ಥಾನ ಏಳು: ಗೋಲ್, ರಕ್ಷಣೆಗೆ ಪಾಯಿಂಟ್ ಮತ್ತು ಕವರ್ ಪಾಯಿಂಟ್, ಎಲ್ಲೆಡೆ ಓಡಾಡುವ ರೋವರ್, ದಾಳಿಗೆ ಸೆಂಟರ್, ಎರಡು ವಿಂಗ್. ಪಾಯಿಂಟ್ ಮತ್ತು ಕವರ್ ಪಾಯಿಂಟ್ ನಿಲ್ಲುತ್ತಿದ್ದುದು ಒಬ್ಬರ ಮುಂದೊಬ್ಬರು. ಈಗಿನ ಎಡ-ಬಲ ಡಿಫೆನ್ಸ್ ಎಂದು ಬರೆಯಬೇಡಿ. ಮೂವತ್ತು ನಿಮಿಷದ ಎರಡು ಅವಧಿ, ಬದಲಿ ಆಟಗಾರ ಗಾಯವಾದರೆ ಮಾತ್ರ. ಗೋಲಿಗೆ ನೆರವಾದವರ ಲೆಕ್ಕ ಆಗ ಇಡುತ್ತಿರಲಿಲ್ಲ; ಆ ಕಾಲಂ ಖಾಲಿ ಬಿಡಿ, ಸೊನ್ನೆ ಹಾಕಬೇಡಿ.

ಹವ್ಯಾಸಿಯೋ ಅಲ್ಲವೋ ಎಂಬುದು 1906ರವರೆಗೆ ಪೂರ್ವ ಕೆನಡಾದ ಈ ಲೀಗಿನಲ್ಲಿ ಕಾಗದದ ಮೇಲಾದರೂ ಸರಳ. 1906-07ರಿಂದ ದುಡ್ಡು ಪಡೆಯುವವರೂ ಹವ್ಯಾಸಿಗಳೂ ಒಂದೇ ತಂಡದಲ್ಲಿ ಆಡಬಹುದಾಯಿತು, ಆದರೆ ಯಾರು ಯಾವ ಬಗೆ ಎಂದು ಪ್ರಕಟಿಸಬೇಕಿತ್ತು. ಆ ಪಟ್ಟಿಯನ್ನೇ ಹುಡುಕಿ. ಬೋವಿಯಂತೆ ಹತ್ತು ಚಳಿಗಾಲವೂ ಮಾಂಟ್ರಿಯಲ್ ವಿಕ್ಟೋರಿಯಾಸ್‌ಗೇ ಆಡಿ ಹವ್ಯಾಸಿಯಾಗಿಯೇ ಉಳಿದವರು ಅಪರೂಪ.

ಹುಟ್ಟಿದ ದಿನಕ್ಕೆ 1901ರ ಜನಗಣತಿ ನೋಡಿ. 1911ರದರಲ್ಲಿ ತಿಂಗಳು, ವರ್ಷ ಮಾತ್ರ. ಮೊದಲ ಮಹಾಯುದ್ಧಕ್ಕೆ ಹೋಗಿದ್ದರೆ ಸೇನೆಯ ಕಡತ ಕೆನಡಾದ ರಾಷ್ಟ್ರೀಯ ಪತ್ರಾಗಾರದ ಜಾಲತಾಣದಲ್ಲಿ ಪುಕ್ಕಟೆ ಸಿಗುತ್ತದೆ. ಎರಡರಲ್ಲಿ ವರ್ಷ ಬೇರೆಯಾದರೆ ಚರ್ಚಿನ ದೀಕ್ಷಾಸ್ನಾನದ ದಾಖಲೆಯೇ ಗತಿ: ಸೇನೆಗೆ ಸೇರಲು ವಯಸ್ಸು ತಿದ್ದಿ ಹೇಳಿದವರೂ ಇದ್ದರು.